ನೆರಳಿನ ಬೆಲೆ

ನಮ್ಮ ಮನೆಯ ಉತ್ತರದ ಮಗ್ಗುಲಿಗೆ ಮೇಪಲ್ ಮರದ ಕೆಳಗೆ ಹುಲ್ಲು ಕೂಡ ಏಳುತ್ತಿರಲಿಲ್ಲ. ಅಲ್ಲಿ ಜಲ್ಲಿ ಸುರಿಸಿ ಕಸದ ಡಬ್ಬಿಗಳನ್ನು ಇಡುವುದೆಂದು ತೀರ್ಮಾನಿಸಿದ್ದೆ. ಬೇಲಿಯಾಚೆಯ ಅಜ್ಜಿ ಕೇಳಿ ಹೌಹಾರಿದರು. "ಇಡೀ ಓಣಿಯಲ್ಲಿ ಇಂಥ ನೆರಳು ಇರುವುದು ನಿನ್ನ ಮನೆಯಲ್ಲೊಂದೇ, ಅಲ್ಲಿ ಡಬ್ಬಿ ಇಡುತ್ತೀಯಾ?" ರಾಯಚೂರಿನ ಬಿಸಿಲಿನಲ್ಲಿ ಬೆಳೆದವನಿಗೆ ನೆರಳಿನ ಬೆಲೆಯನ್ನು ಅಮೆರಿಕದ ಪೆನ್ಸಿಲ್ವೇನಿಯಾದ ಹೆಂಗಸು ಹೇಳಿಕೊಡಬೇಕಾಯಿತಲ್ಲ ಎಂದು ಚುರ್ರೆಂದಿತು.

ಮುಂದಿನ ವಾರ ಆಕೆ ತಮ್ಮ ತೋಟದ ಒಂದು ಬುಡವನ್ನು ಸೀಳಿ, ಹಳೆಯ ಪೇಪರಿನಲ್ಲಿ ಸುತ್ತಿ ತಂದುಕೊಟ್ಟರು. ಜಪಾನೀಸ್ ಪೇಂಟೆಡ್ ಫರ್ನ್. ಜಪಾನ್, ಕೊರಿಯಾ, ಚೀನಾ ಕಡೆಯ ಕಾಡುನೆಲದ ಜರೀಗಿಡ. ಮೊಣಕಾಲಿನ ಮಟ್ಟವನ್ನೂ ಮುಟ್ಟುವುದಿಲ್ಲ. ಹೂವಿಲ್ಲ, ಕಾಯಿಲ್ಲ, ಎಲೆಯ ಬೆನ್ನಿಗೆ ಅಂಟಿದ ಬೀಜಕಗಳ ಪುಡಿಯಿಂದಲೇ ಇದರ ವಂಶ ನಡೆಯುತ್ತದೆ. ಅಷ್ಟಕ್ಕೇ ಇಲ್ಲಿಯವರು ಇದನ್ನು ತಲೆಯ ಮೇಲೆ ಹೊತ್ತಿದ್ದಾರೆ. ಬಹುವಾರ್ಷಿಕ ಗಿಡ ಬೆಳೆಸುವವರ ಸಂಘ 2004ರಲ್ಲಿ ಇದನ್ನೇ ವರ್ಷದ ಗಿಡವೆಂದು ಆರಿಸಿತ್ತು. ಬಹುತೇಕ ಬಿಳಿಚಿಕೊಂಡಂತೆ ಕಾಣುವ 'ಘೋಸ್ಟ್', ಕೆಂಪು ಹೆಚ್ಚಿರುವ 'ಬರ್ಗಂಡಿ ಲೇಸ್' ಎಂದು ತಳಿಗಳೂ ಉಂಟು.

ಏಪ್ರಿಲಿನಲ್ಲಿ ನೆಲದಿಂದ ಸುರುಳಿ ಸುತ್ತಿಕೊಂಡ ಕುಡಿಗಳು ಎದ್ದವು. ಬಗ್ಗಿ ನೋಡಿದೆ. ನಡುವಿನ ದಂಟು ನೇರಳೆ ಹಣ್ಣಿನ ಬಣ್ಣ. ಅದರಿಂದ ಹೊರಟ ಎಳೆಗಳಲ್ಲಿ ಆ ಬಣ್ಣ ತೆಳುವಾಗುತ್ತ ಹೋಗಿ, ಅಂಚಿಗೆ ಬರುವಷ್ಟರಲ್ಲಿ ವಿಭೂತಿ ಬಳಿದಂತೆ ಬೂದು. ಅದರ ಮೇಲೆ ಇಬ್ಬನಿ ಬಿದ್ದರೆ ಬೆಳ್ಳಿಯೇ. ಮುಂಜಾನೆಯ ಎಳೆಬಿಸಿಲು ಸ್ವಲ್ಪ ತಾಗಿದರೆ ಬಣ್ಣ ಗಟ್ಟಿಯಾಗುತ್ತದೆ, ಪೂರ್ತಿ ಕತ್ತಲಾದರೆ ಮಂಕಾಗುತ್ತದೆ, ಮಧ್ಯಾಹ್ನದ ಬಿಸಿಲು ಬಿದ್ದರೆ ಅಂಚು ಸುಟ್ಟು ಕಂದಾಗುತ್ತದೆ. ಬುಡ ಒಣಗಬಾರದು, ನೀರೂ ನಿಲ್ಲಬಾರದು. ಕೊಳೆತ ಎಲೆಗೊಬ್ಬರ ಇದ್ದರೆ ಬೇರೇನೂ ಕೇಳುವುದಿಲ್ಲ. ಪಕ್ಕದ ಹೋಸ್ಟಾ ಗಿಡಗಳನ್ನು ರಾತ್ರಿಯೆಲ್ಲ ಮೇಯುವ ಜಿಂಕೆಗಳು ಇದಕ್ಕೆ ಬಾಯಿ ಹಾಕುವುದು ಅಪರೂಪ. ಮೊದಲ ಮಂಜು ಬಿದ್ದ ರಾತ್ರಿಯೇ ಎಲೆಗಳೆಲ್ಲ ನೆಲಕಚ್ಚುತ್ತವೆ, ಬೇರು ಮಾತ್ರ ಹಿಮದಡಿ ಮಲಗಿರುತ್ತದೆ.

ಇದನ್ನೆಲ್ಲ ಫೋನಿನಲ್ಲಿ ಅವ್ವನಿಗೆ ವರ್ಣಿಸಿದೆ. ಪೂರ್ತಿ ಕೇಳಿ, "ದೇವರಿಗೆ ಏರುತ್ತದೆಯೇನಪ್ಪ?" ಎಂದಳು. ಇಲ್ಲ ಎಂದೆ. "ಪಲ್ಯಕ್ಕೆ?" ಅದೂ ಇಲ್ಲ. "ಹಾಗಾದರೆ ದನಕ್ಕಾದರೂ ಹಾಕಲು ಬರುತ್ತದೆಯೋ?" ನಾನು ಮಾತು ಬದಲಿಸಿದೆ.

ಇಲ್ಲಿಯ ನರ್ಸರಿಗೆ ಹೋದರೆ ನೆರಳಿನ ಗಿಡಗಳ ಸಾಲೇ ಬೇರೆ. ದಿನಕ್ಕೆ ಮೂರು ತಾಸಿಗಿಂತ ಕಡಿಮೆ ಬಿಸಿಲು ಬೀಳುವ ಜಾಗಕ್ಕೆ ಇವು, ಮೂರರಿಂದ ಆರು ತಾಸು ಬೀಳುವಲ್ಲಿಗೆ ಇವು ಎಂದು ಕುಂಡಕ್ಕೊಂದು ಚೀಟಿ. ವರ್ಷದ ಅರ್ಧ ಕಾಲ ಸೂರ್ಯನಿಗಾಗಿ ಹಪಹಪಿಸುವ ಜನ ನೆರಳನ್ನು ಗಡಿಯಾರ ಹಿಡಿದು ಅಳೆಯುತ್ತಾರೆ. ನಮ್ಮ ಕಡೆ ಮೇ ತಿಂಗಳಲ್ಲಿ ನಲವತ್ತು ಡಿಗ್ರಿ ದಾಟುತ್ತದೆ, ಮಧ್ಯಾಹ್ನ ಹೊರಗೆ ನಾಯಿಯೂ ಕಾಣುವುದಿಲ್ಲ. ಅಂಥಲ್ಲಿ ನೆರಳಿಗೆ ನಾವು ಏನು ಮಾಡುತ್ತೇವೆ? ಕಡಿಯುತ್ತೇವೆ.

ಅಣ್ಣ ಹೋದ ವರ್ಷ ವಾಟ್ಸ್ಆ್ಯಪ್‌ನಲ್ಲಿ ಫೋಟೊ ಕಳಿಸಿದ. ಅಜ್ಜ ಹಚ್ಚಿದ ಬೇವಿನ ಗಿಡ ಇದ್ದ ಜಾಗದಲ್ಲಿ ನುಣ್ಣನೆಯ ಸಿಮೆಂಟು, ಅದರ ಮೇಲೆ ಕಾರಿಗೊಂದು ತಗಡಿನ ಶೆಡ್. ಕೆಳಗೆ "ಅಂಗಳ ಸ್ವಚ್ಛವಾಯಿತು" ಎಂಬ ಒಕ್ಕಣೆ. ಹಗಲೆಲ್ಲ ಕಾದ ಆ ಸಿಮೆಂಟು ರಾತ್ರಿ ಹನ್ನೊಂದಾದರೂ ಧಗೆ ಉಗುಳುತ್ತದೆ, ಒಳಗೆ ಕೂಲರ್ ಗಿರಗುಟ್ಟುತ್ತದೆ. ಈ ಸಲ ಯುಗಾದಿಗೆ ಬೇವಿನ ಹೂವನ್ನು ಪಕ್ಕದ ಓಣಿಯಿಂದ ಬೇಡಿ ತಂದರಂತೆ. ಮರ ಉಳಿಸಲು 1976ರಿಂದಲೂ ರಾಜ್ಯದಲ್ಲಿ ಕಾಯ್ದೆ ಇದೆ ಎಂದರೆ ಅಣ್ಣ ನಗುತ್ತಾನೆ. ಅವನೊಬ್ಬನದೇ ಮಾತಲ್ಲ. ಓಣಿಯಲ್ಲಿ ಯಾರ ಮನೆ ಹೊಸದಾದರೂ ಮೊದಲು ಉರುಳುವುದು ಗಿಡ. ಆಮೇಲೆ ಗೇಟಿನ ಎರಡು ಕಡೆ ಬಿಸಿಲಿಗೆ ಬಾಡುವ ಕ್ರೋಟನ್ ಕುಂಡಗಳು ಬರುತ್ತವೆ, ಶೋಭೆಗೆಂದು.

ಜರೀಗಿಡ ನಮ್ಮ ಬಿಸಿಲುಸೀಮೆಗೆ ಹೊಸದೇನಲ್ಲ ಎಂಬುದು ನನ್ನ ಸಿಟ್ಟನ್ನು ಇನ್ನಷ್ಟು ಹೆಚ್ಚಿಸುತ್ತದೆ. ಬಂಡೆಯ ಸಂದಿಯಲ್ಲಿ, ಹಳೆಯ ಗೋಡೆಯ ಬಿರುಕಿನಲ್ಲಿ ಮಯೂರಶಿಖೆ ಬೆಳೆಯುತ್ತದೆ. ಗೇಣುದ್ದವೂ ಇಲ್ಲದ ಪುಟ್ಟ ಬೀಸಣಿಗೆ. ಬೇಸಿಗೆಯಲ್ಲಿ ಮುದುಡಿ ಸತ್ತಂತೆ ಕಾಣುತ್ತದೆ, ಮಳೆ ಬಿದ್ದರೆ ಮತ್ತೆ ಬಿಚ್ಚಿಕೊಳ್ಳುತ್ತದೆ. ಮೆಟ್ಟಿಲುಬಾವಿಗಳ ಒಳಗೋಡೆಯ ತಂಪಿನಲ್ಲಿ ಕಪ್ಪು ದಂಟಿನ ಇನ್ನೊಂದು ಜಾತಿ ಜೋತಾಡುತ್ತಿರುತ್ತದೆ. ಈಜು ಕಲಿಯಲು ಬಾವಿಗೆ ಧುಮುಕುತ್ತಿದ್ದ ನಾವು ಅದನ್ನು ಕಿತ್ತು ನೀರಿಗೆ ಎಸೆಯುತ್ತಿದ್ದೆವು. ಈಗ ಬಾವಿಗಳೂ ಕಸ ತುಂಬಿ ಮುಚ್ಚಿಹೋಗುತ್ತಿವೆ.

ಇಷ್ಟು ಬರೆದ ಮೇಲೆ ಕೆಲವು ಮಾತು ಒಪ್ಪಿಕೊಳ್ಳದೆ ವಿಧಿಯಿಲ್ಲ. ಚಳಿಗಾಲದ ನಿದ್ದೆ ಬೇಡುವ ಈ ಜಪಾನಿನ ಗಿಡ ರಾಯಚೂರಿನಲ್ಲಿ ಒಂದು ಬೇಸಿಗೆಯೂ ಬಾಳದು, ಹೋಲಿಕೆಯೇ ಅನ್ಯಾಯದ್ದು. ಇಲ್ಲಿ ಎಲ್ಲರೂ ಉದುರಿದ ಎಲೆಯನ್ನು ಗೊಬ್ಬರ ಮಾಡುವುದೂ ಇಲ್ಲ. ಅರ್ಧ ಓಣಿ ಕಿವಿಗಡಚಿಕ್ಕುವ ಯಂತ್ರದಿಂದ ಅದನ್ನು ಊದಿ ಚೀಲಕ್ಕೆ ತುಂಬಿಸುತ್ತದೆ. ಅಜ್ಜಿಯ ನೆರಳುತೋಟದಲ್ಲಿ ಚೆಂದದ ಬೆಂಚು ಇದೆ, ಅದರ ಮೇಲೆ ಯಾರೂ ಕುಳಿತದ್ದನ್ನು ನಾನು ನೋಡಿಲ್ಲ. ನಮ್ಮ ಬೇವಿನ ಕೆಳಗಾದರೆ ಹಾಲಿನವನು, ಅಂಚೆಯವನು, ಬೀಗರು, ಅಜ್ಜನ ಜೊತೆ ಪೇಪರ್ ಓದುವವರು, ಯಾರಾದರೂ ಒಬ್ಬರು ಇದ್ದೇ ಇರುತ್ತಿದ್ದರು.

ಇನ್ನೊಂದು ಮಾತು ವೈನಿಯದು. ದಿನಾ ನಸುಕಿನಲ್ಲಿ ಎಲೆ, ಹೂವು, ಬೇವಿನ ಹಣ್ಣು ಬಳಿದು ಬಳಿದು ಸೊಂಟ ಬಿದ್ದದ್ದು ಅವರದು. ಗಿಡದ ಪರ ದೂರದಿಂದ ವಕಾಲತ್ತು ಮಾಡುವುದು ಸುಲಭ ಎಂದು ಅವರು ನಗುತ್ತಲೇ ಹೇಳಿದರು. ಸರಿ, ಶೆಡ್ಡಿನ ಪಕ್ಕದಲ್ಲಿ ಒಂದಿಷ್ಟು ಸಿಮೆಂಟು ಒಡೆಸಿ ಹೊಂಗೆಯ ಸಸಿಯನ್ನಾದರೂ ಹಚ್ಚಿಸು ಎಂದು ಅಣ್ಣನಿಗೆ ಹೇಳಿ ನೋಡಿದೆ. ನಲ್ಲಿಯಲ್ಲಿ ನೀರು ಯಾವ ದಿನ ಬರುತ್ತದೆಂದು ದೇವರಿಗೂ ಗೊತ್ತಿಲ್ಲ, ಯಾರ ಪಾಲಿನ ಕೊಡವನ್ನು ಅದಕ್ಕೆ ಸುರಿಯಲಿ ಎಂದ. ಸ್ನಾನದ ನೀರು ಸಾಕಲ್ಲ ಎಂದೆ. ಆಯಿತು, ಮಳೆಗಾಲ ಬರಲಿ, ನೋಡೋಣ ಎಂದ. ಮಳೆಗಾಲದಲ್ಲಿ ಕಾರಿಗೆ ಇನ್ನೊಂದು ತಗಡು ಏರಿಸುವ ಯೋಚನೆಯೂ ಇದೆಯಂತೆ.