ಹೆದರಿಸೋದು ಸಾಕು, ಹೇಗೆ ಹರಡುತ್ತೆ ಅಂತ ಹೇಳಿ

ಸಂಜೆಯಿಂದ ಟೀವಿ ನೋಡಿ ನೋಡಿ ತಲೆ ಕೆಟ್ಟುಹೋಗಿದೆ. ಕೇರಳದಲ್ಲಿ ಮತ್ತೆ ನಿಪಾ, ಅದೇ ಬಾವಲಿಯಿಂದ ಜನರಿಗೆ ಬರೋ ವೈರಸ್ ಕಾಯಿಲೆ. ಪರದೆ ತುಂಬ ಕೆಂಪು ಕಣ್ಣಿನ ಬಾವಲಿ ರೆಕ್ಕೆ ಬಡ್ಕೊಂಡು ಮೈಮೇಲೇ ಬರುತ್ತೆ, ಜೊತೆಗೆ ದೆವ್ವದ ಸಿನಿಮಾ ಮ್ಯೂಸಿಕ್ಕು, ಕೆಳಗೆ ‘ಮೈಸೂರಿಗೂ ಕಾದಿದ್ಯಾ ಗಂಡಾಂತರ?’ ಈ ಕಾಯಿಲೆ ಹೇಗೆ ಹರಡುತ್ತೆ ಅಂತ ಮಾತ್ರ ಒಬ್ಬರೂ ಹೇಳಲಿಲ್ಲ.

ಹೇಳೋಕೆ ಏನು ಕಷ್ಟ? ಬಾವಲಿ ಕಚ್ಚಿದ ಹಣ್ಣು ಬಿಸಾಕಿ, ಉಳಿದದ್ದನ್ನ ತೊಳೆದು ಸಿಪ್ಪೆ ತೆಗೆದು ತಿನ್ನಿ, ರೋಗಿಯ ಎಂಜಲು, ಕಫ, ರಕ್ತ ಮೈಗೆ ತಾಗಿಸ್ಕೋಬೇಡಿ. ಇಷ್ಟೇ. 2018ರಲ್ಲಿ ಕೋಳಿಕ್ಕೋಡು, ಮಲಪ್ಪುರಂ ಕಡೆ 17 ಜನ ತೀರಿಹೋದ್ರಲ್ಲ, ಅವತ್ತು ಹೆಚ್ಚಿನವರಿಗೆ ಸೋಂಕು ತಗುಲಿದ್ದು ಆಸ್ಪತ್ರೆ ಒಳಗೇ. ಪೇರಾಂಬ್ರ ತಾಲ್ಲೂಕು ಆಸ್ಪತ್ರೆಯ ನರ್ಸ್ ಲಿನಿ ರೋಗಿಯ ಆರೈಕೆ ಮಾಡಿಯೇ ಪ್ರಾಣ ಬಿಟ್ಟರು. ಹಾಗಿದ್ರೆ ಕ್ಯಾಮೆರಾ ಎಲ್ಲಿಗೆ ಹೋಗ್ಬೇಕು? ಕೇರಳ ಗಡಿಗೆ ಅಂಟಿಕೊಂಡಿರೋ ಗುಂಡ್ಲುಪೇಟೆ, ಎಚ್.ಡಿ. ಕೋಟೆ ಆಸ್ಪತ್ರೆಗೆ. ಗ್ಲೌಸ್ ಇದ್ಯಾ, ಮಾಸ್ಕ್ ಇದ್ಯಾ, ಜ್ವರದವರನ್ನ ಬೇರೆ ಮಲಗಿಸೋಕೆ ರೂಮ್ ಇದ್ಯಾ ಅಂತ ಕೇಳೋಕೆ. ಇವರು ಹೋಗಿದ್ದು ಮರದಲ್ಲಿ ಜೋತುಬಿದ್ದ ಬಾವಲಿ ಹತ್ರ!

ನಮ್ಮ ಬೀದಿಗೆ ತಳ್ಳೋಗಾಡೀಲಿ ಸೀಬೆಹಣ್ಣು ತರೋ ಅಕ್ಕ ಇವತ್ತು ಒಂದೊಂದೇ ಹಣ್ಣು ಎತ್ತಿ, ತಿರುಗಿಸಿ ತಿರುಗಿಸಿ ತೋರಿಸ್ತಿದ್ರು. ‘ನೋಡ್ಕಳವ್ವ, ಎಲ್ಲಾರ ಕಚ್ಚಿದ ಗುರ್ತು ಅದಾ?’ ಯಾರೂ ತಗೊಳ್ಳಲಿಲ್ಲ. ಪಕ್ಕದ ಮನೆ ಮಹಡಿ ಮೇಲೆ ಬಾಡಿಗೆಗಿರೋ ವಯನಾಡಿನ ಹುಡುಗಿಗೆ ಓನರ್ ಅಮ್ಮ ‘ಊರಿಗೆ ಹೋದ್ರೆ ವಾಪಸ್ ಬರ್ಬೇಡ’ ಅಂದುಬಿಟ್ರಂತೆ. ಅವಳು ನರ್ಸಿಂಗ್ ಓದ್ತಿರೋದು ಕಣ್ರೀ! ಕೇಳಿ ಹೊಟ್ಟೆ ಉರಿದುಹೋಯ್ತು.

‘ಭಯ ಇದ್ರೆ ತಾನೆ ಜನ ಹುಷಾರಾಗಿರೋದು’ ಅಂತಾರೆ ನಮ್ಮೆಜಮಾನ್ರು. ಸೋಂಕು ತಗುಲಿದ ನೂರರಲ್ಲಿ 40ರಿಂದ 75 ಜನರನ್ನ ಬಲಿ ತಗೊಳ್ಳೋ ಕಾಯಿಲೆ, ಭಯ ಇರ್ಲಿ, ನನಗೂ ಇದೆ. ಆದ್ರೆ ಈ ಥರ ಹೆದರಿಸಿದ್ರೆ ಜನ ಹುಷಾರಾಗಲ್ಲ, ಜ್ವರ ಮುಚ್ಚಿಡ್ತಾರೆ. ಆ ಹುಡುಗಿಗೇ ನಾಳೆ ಮೈ ಬಿಸಿಯಾದ್ರೆ, ಊರಿಗೆ ಹೋಗಿ ಬಂದೆ ಅಂತ ಡಾಕ್ಟರ್ ಹತ್ರ ಬಾಯಿ ಬಿಡ್ತಾಳಾ? ರೋಗಿ ಯಾರ್ಯಾರ ಜೊತೆ ಇದ್ರು ಅಂತ ಪಟ್ಟಿ ಮಾಡಿ, ಒಬ್ಬೊಬ್ಬರನ್ನೂ ಹುಡುಕಿ ನಿಗಾ ಇಟ್ಟು ಕೇರಳದವರು ಇದನ್ನ ಹತೋಟಿಗೆ ತಂದದ್ದು. ಲಸಿಕೆ ಇಲ್ಲದ ಕಾಯಿಲೆಗೆ ಅದೇ ಬೇಲಿ. ಜನ ಬಾಯೇ ಬಿಡದಿದ್ರೆ ಪಟ್ಟಿ ಎಲ್ಲಿಂದ ಬರುತ್ತೆ?

ಟೀವಿಯವರೇ, ಗಡಿಯ ಮೂಲೆಹೊಳೆ ಚೆಕ್‌ಪೋಸ್ಟಲ್ಲಿ ಮೈಕ್ ಹಿಡಿದು ಕೂಗೋ ಹೊತ್ತಲ್ಲಿ ಹತ್ತು ನಿಮಿಷ ಜಿಲ್ಲಾ ಆರೋಗ್ಯಾಧಿಕಾರಿಗೆ ಮಾತಾಡೋಕೆ ಬಿಡಿ. ಚಾನೆಲ್ ಪೇಜಲ್ಲೂ ಇದನ್ನೇ ಬರೆದು ಹಾಕಿದ್ದೀನಿ. ನೀವೂ ಬರೀರಿ, ಇವತ್ತೇ.