ಐದು ಯೂರೋ ಕೊಟ್ಟವರ ಭಾರ ನಗರಕ್ಕೆ ತಾಗುವುದಿಲ್ಲ

ವೆನಿಸ್ ನಗರಕ್ಕೆ ಪ್ರವಾಸಿಗರ ಭಾರ ತಡೆಯಲಾಗುತ್ತಿಲ್ಲ ಎಂಬುದನ್ನು ಅಲ್ಲಿನ ನಗರಾಡಳಿತ ಒಪ್ಪಿಕೊಂಡು ಬಹಳ ಕಾಲವಾಯಿತು. ರೋಗವನ್ನು ಒಪ್ಪಿಕೊಂಡ ಮೇಲೆ ಮದ್ದು ಕೊಡಲೇಬೇಕಲ್ಲ. ಆ ಮದ್ದು 2024ರ ಏಪ್ರಿಲ್ 25ರಂದು, ನಗರದ ರಕ್ಷಕ ಸಂತ ಮಾರ್ಕನ ಹಬ್ಬದ ದಿನವೇ, ಜಾರಿಗೆ ಬಂತು. ಬೆಳಿಗ್ಗೆ ಬಂದು ಸಂಜೆ ಮರಳುವ ಪ್ರವಾಸಿಗ ಐದು ಯೂರೋ ಪಾವತಿಸಿ, ಕ್ಯೂಆರ್ ಕೋಡ್ ಪಡೆದು, ಕೇಳಿದವರಿಗೆ ತೋರಿಸಬೇಕು. ಅದಿಲ್ಲದೆ ಸಿಕ್ಕಿಬಿದ್ದರೆ 50ರಿಂದ 300 ಯೂರೋವರೆಗೆ ದಂಡ. ನಿಯಮ ಇಷ್ಟು ಬಿಗಿಯಾಗಿರುವಾಗ ದಿನಕ್ಕೆ ಎಷ್ಟು ಜನರಿಗೆ ಈ ಕೋಡ್ ಕೊಡಲಾಗುತ್ತದೆ ಎಂಬ ಪ್ರಶ್ನೆ ಯಾರಿಗಾದರೂ ಏಳುತ್ತದೆ. ಕೇಳಿದವರಿಗೆಲ್ಲ ಕೊಡಲಾಗುತ್ತದೆ, ಮಿತಿ ಎಂಬುದು ಇಲ್ಲವೇ ಇಲ್ಲ. ಮದುವೆಮನೆಯ ಪಂಕ್ತಿಯಲ್ಲಿ ಜಾಗ ಸಾಲುತ್ತಿಲ್ಲವೆಂದು ಬಾಗಿಲಲ್ಲಿ ಮುಯ್ಯಿ ಬರೆದುಕೊಳ್ಳುವವನೊಬ್ಬನನ್ನು ಕೂರಿಸಿ, ನೂಕುನುಗ್ಗಲು ಬಗೆಹರಿಯಿತೆಂದು ನಿಟ್ಟುಸಿರುಬಿಟ್ಟ ಹಾಗಾಯಿತು.

ಇಂತಹ ತೀರ್ಮಾನಗಳು ಒಂದೇ ದಿನದಲ್ಲಿ ಹುಟ್ಟುವುದಿಲ್ಲ. 2018ರ ಏಪ್ರಿಲ್‌ನಲ್ಲಿ ನಗರದ ಪ್ರವೇಶದ ದಾರಿಗಳಲ್ಲಿ ಜನರನ್ನು ತಡೆಯುವ ಗೇಟುಗಳನ್ನು ನಿಲ್ಲಿಸಿ ನೋಡಿದರು. ಸ್ಥಳೀಯ ಪ್ರತಿಭಟನಕಾರರು ಅವುಗಳಲ್ಲಿ ಕೆಲವನ್ನು ಕಿತ್ತು ಪಕ್ಕಕ್ಕಿಟ್ಟರು. ಅದೇ ವರ್ಷದ ಕೊನೆಯಲ್ಲಿ ಇಟಲಿಯ ಬಜೆಟ್ ಕಾನೂನು ಪ್ರವೇಶ ಶುಲ್ಕ ವಿಧಿಸುವ ಅಧಿಕಾರವನ್ನು ನಗರಕ್ಕೆ ಕೊಟ್ಟಿತು. ಆಮೇಲೆ ಮುಂದೂಡಿಕೆಯ ಮೇಲೆ ಮುಂದೂಡಿಕೆ, ನಡುವೆ ಪ್ರವಾಸಿಗರೇ ಇಲ್ಲದ ಕೋವಿಡ್ ಕಾಲ. ಕೊನೆಗೆ 2023ರ ಸೆಪ್ಟೆಂಬರ್‌ನಲ್ಲಿ, ವೆನಿಸನ್ನು ಅಪಾಯದಲ್ಲಿರುವ ಪರಂಪರೆಯ ತಾಣಗಳ ಪಟ್ಟಿಗೆ ಸೇರಿಸಬೇಕೇ ಎಂದು ಯುನೆಸ್ಕೊದ ಸಮಿತಿ ರಿಯಾದ್‌ನಲ್ಲಿ ಚರ್ಚಿಸುತ್ತಿದ್ದ ದಿನಗಳಲ್ಲಿಯೇ, ನಗರಸಭೆಗೆ ಥಟ್ಟನೆ ಸ್ಫೂರ್ತಿ ಬಂದು ಶುಲ್ಕಕ್ಕೆ ಒಪ್ಪಿಗೆ ದೊರೆಯಿತು. ವೆನಿಸ್ ಆ ಪಟ್ಟಿಗೆ ಸೇರಲಿಲ್ಲ. ಮದ್ದು ಕುಡಿಯುವ ಮೊದಲೇ ಗುಣ ಕಂಡ ಉದಾಹರಣೆಗಳು ವೈದ್ಯಶಾಸ್ತ್ರದಲ್ಲಿಯೂ ಕಡಿಮೆ.

ಮೊದಲ ವರ್ಷ ಶುಲ್ಕವಿದ್ದ 29 ದಿನಗಳಲ್ಲಿ ಸುಮಾರು 4,85,000 ಜನರು ಹಣ ಕೊಟ್ಟು, ಸುಮಾರು 24 ಲಕ್ಷ ಯೂರೋ ಸಂಗ್ರಹವಾಯಿತು. ಜನ ಕಡಿಮೆಯಾಗಲೆಂದು ತಂದ ಶುಲ್ಕದ ಯಶಸ್ಸನ್ನು, ಅದನ್ನು ಕೊಟ್ಟ ಜನರ ಸಂಖ್ಯೆಯಿಂದಲೇ ಅಳೆಯುವ ಲೆಕ್ಕಶಾಸ್ತ್ರ ಸಾಮಾನ್ಯರಿಗೆ ಸುಲಭವಾಗಿ ಹಿಡಿಯುವಂಥದ್ದಲ್ಲ. 2025ರಲ್ಲಿ ಈ ದಿನಗಳು 54 ಆದವು. ಜೊತೆಗೆ, ಕೆಲವು ದಿನ ಮೊದಲೇ ಕಾಯ್ದಿರಿಸಿದವನಿಗೆ ಐದು ಯೂರೋ, ಕೊನೆಯ ಗಳಿಗೆಯಲ್ಲಿ ಹೊರಟವನಿಗೆ ಹತ್ತು ಎಂದಾಯಿತು. ಯೋಚಿಸಿ ಬರುವವನಿಗಿಂತ ಯೋಚಿಸದೆ ಬರುವವನು ಎರಡು ಪಟ್ಟು ತೂಗುತ್ತಾನೆ ಎಂಬ ಅಂಶ ಇದರಿಂದ ಅಧಿಕೃತವಾಯಿತು. ಅದೇ ನಗರ ತನ್ನನ್ನು ಸಮುದ್ರದಿಂದ ಕಾಪಾಡಿಕೊಳ್ಳಲು, ತನ್ನನ್ನು ಸುತ್ತುವರಿದ ಲಗೂನ್ ಎಂಬ ಆಳವಿಲ್ಲದ ಉಪ್ಪುನೀರಿನ ಹಿನ್ನೀರಿನ ಬಾಯಿಗಳಲ್ಲಿ ಮೋಸೆ ಎಂಬ ಹೆಸರಿನ 78 ಉಕ್ಕಿನ ಕದಗಳನ್ನು ಹಾಕಿಸಿಕೊಂಡಿದೆ. ಉಬ್ಬರ 110 ಸೆಂಟಿಮೀಟರ್ ಮುಟ್ಟುವ ಮುನ್ಸೂಚನೆ ಬಂದರೆ ಅವು ಮೇಲೇಳುತ್ತವೆ. ಸಮುದ್ರಕ್ಕಾದರೂ ಒಂದು ಮಿತಿ ಹೇಳಿದ್ದಾರೆ. ಸಮುದ್ರ ಶುಲ್ಕ ಕೊಡುವುದಿಲ್ಲ ಎಂಬುದೇ ಅದಕ್ಕೆ ಕಾರಣವಿರಬೇಕು.

ವಿನಾಯಿತಿಗಳ ಅಧ್ಯಾಯ ಇದಕ್ಕಿಂತಲೂ ಸೊಗಸು. ಹೋಟೆಲಿನಲ್ಲಿ ತಂಗುವವರು ಅಲ್ಲಿಯೇ ಪ್ರವಾಸಿ ತೆರಿಗೆ ಕೊಡುವುದರಿಂದ ಅವರಿಗೆ ಪ್ರವೇಶ ಶುಲ್ಕವಿಲ್ಲ, ಆದರೆ ಶುಲ್ಕವಿಲ್ಲ ಎಂಬ ಕೋಡನ್ನು ಅವರೂ ಅರ್ಜಿ ತುಂಬಿ ಪಡೆಯಬೇಕು. ಹದಿನಾಲ್ಕು ತುಂಬದ ಮಕ್ಕಳಿಗೆ ಇಲ್ಲ, ಕೆಲಸಕ್ಕೆ ಬರುವವರಿಗೆ ಇಲ್ಲ, ಓದಲು ಬರುವವರಿಗೆ ಇಲ್ಲ, ನಿವಾಸಿಗಳ ಮೂರನೆಯ ಹಂತದವರೆಗಿನ ನೆಂಟರಿಗೆ ಇಲ್ಲ. ಶತಮಾನಗಳ ಕಾಲ ಮೆಡಿಟರೇನಿಯನ್ನಿನ ವ್ಯಾಪಾರವನ್ನು ಆಳಿದ ಗಣರಾಜ್ಯದ ವಾರಸುದಾರರು ಇಂದು ರೈಲು ನಿಲ್ದಾಣದ ಎದುರು ನಿಂತು, ಬಂದವನು ಸೋದರತ್ತೆಯ ಮನೆಗೆ ಹೊರಟಿದ್ದಾನೆಯೇ ಅಥವಾ ಸೋದರತ್ತೆಯ ಮಗಳ ಮನೆಗೋ ಎಂದು ವಂಶವೃಕ್ಷ ಪರಿಶೀಲಿಸುತ್ತಿದ್ದಾರೆ.

ಇಷ್ಟೆಲ್ಲದರ ನಡುವೆ, ಶುಲ್ಕ ಅನ್ವಯಿಸುವುದು ಹಳೆಯ ನಗರಕ್ಕೆ ಮಾತ್ರ ಎಂಬ ಒಂದು ಸಾಲು ನಿಯಮಾವಳಿಯಲ್ಲಿ ತಣ್ಣಗೆ ಕುಳಿತಿದೆ. ಸುಮಾರು 550 ಚದರ ಕಿಲೋಮೀಟರ್ ಹರಡಿರುವ ಲಗೂನಿನ ಚಿಕ್ಕ ದ್ವೀಪಗಳಾದ ಮುರಾನೊ, ಬುರಾನೊ, ಟೊರ್ಚೆಲ್ಲೊ, ಸಾಂತ್ ಎರಾಸ್ಮೊ, ಲೀದೊ, ಇವೆಲ್ಲವೂ ಶುಲ್ಕದ ಹೊರಗಿವೆ. ಅಂದರೆ ಅಮೃತಶಿಲೆಯ ಅರಮನೆಗಳ ನಗರಕ್ಕೆ ತಡೆದುಕೊಳ್ಳಲಾಗದ ಭಾರವನ್ನು ಬೆರಳೆಣಿಕೆಯ ಜನರಿರುವ ಮಣ್ಣಿನ ದಿಬ್ಬಗಳು ಸಂತೋಷವಾಗಿ ಹೊರಬಲ್ಲವು ಎಂಬುದು ಆಡಳಿತದ ನಂಬಿಕೆ. ಇದರಲ್ಲಿ ಹೊಸತೇನೂ ಇಲ್ಲ ಎಂದು ಇತಿಹಾಸ ಬಲ್ಲವರು ಹೇಳಿಯಾರು. ನಗರಕ್ಕೆ ಬೇಡವಾದದ್ದನ್ನು ದೋಣಿಗೆ ಹಾಕಿ ದ್ವೀಪಕ್ಕೆ ಕಳಿಸುವುದು ವೆನಿಸ್ಸಿನ ಹಳೆಯ ರೂಢಿ. ಬೆಂಕಿಯ ಭಯದಿಂದ 1291ರಲ್ಲಿ ಗಾಜಿನ ಕುಲುಮೆಗಳನ್ನು ಮುರಾನೊಗೆ ಸಾಗಹಾಕಿದರು. 1423ರಲ್ಲಿ ಪ್ಲೇಗು ಪೀಡಿತರಿಗೆಂದು ಲಾಜರೆತ್ತೊ ವೆಕ್ಯೊ ದ್ವೀಪವನ್ನು ಗೊತ್ತುಮಾಡಿದರು. ಮುಂದೆ ಮಾನಸಿಕ ರೋಗಿಗಳಿಗೆ ಸಾನ್ ಸೆರ್ವೊಲೊ, ಹತ್ತೊಂಬತ್ತನೆಯ ಶತಮಾನದಿಂದ ಸತ್ತವರಿಗೆ ಸಾನ್ ಮಿಕೇಲೆ. ಈಗ ಒಂದು ದಿನದ ಪ್ರವಾಸಿಗನ ಸರದಿ. ಹಿಂದಿನವರನ್ನು ಸರ್ಕಾರದ ದೋಣಿಯಲ್ಲಿ ಕಳಿಸುತ್ತಿದ್ದರು, ಇವನು ಟಿಕೆಟ್ ಕೊಂಡು ತಾನೇ ಹೋಗುತ್ತಾನೆ ಎಂಬುದಷ್ಟೇ ವ್ಯತ್ಯಾಸ.

ಆ ಟಿಕೆಟ್ಟಿನ ಹೆಸರು ‘ನಿಮ್ಮ ಇಚ್ಛೆಯಂತೆ ದ್ವೀಪ ಸಂಚಾರ’. ಯಾವ ದ್ವೀಪದಲ್ಲಿ ಬೇಕಾದರೂ ಇಳಿಯಬಹುದು, ಎಷ್ಟು ಹೊತ್ತು ಬೇಕಾದರೂ ಇರಬಹುದು, ಮುಂದಿನ ದೋಣಿ ಹಿಡಿದು ಎತ್ತ ಬೇಕಾದರೂ ಹೊರಡಬಹುದು. ಇಷ್ಟು ಸ್ವಾತಂತ್ರ್ಯ ಸಿಕ್ಕ ಪ್ರತಿಯೊಬ್ಬನೂ ಮೊದಲು ಮುರಾನೊ, ಆಮೇಲೆ ಬುರಾನೊ, ಉಳಿದ ಸಮಯದಲ್ಲಿ ಟೊರ್ಚೆಲ್ಲೊ ಎಂಬ ಒಂದೇ ಸಾಲಿನಲ್ಲಿ ಸಾಗುತ್ತಾನೆ, ಏಕೆಂದರೆ ದೋಣಿ ಸಾಗುವುದು ಆ ಸಾಲಿನಲ್ಲಿಯೇ. ಮನಸ್ಸು ಬಂದಷ್ಟು ಹೊತ್ತು ಇರಬಹುದೆಂಬುದು ಸತ್ಯ. ಮುಂದಿನ ದೋಣಿಗೆ ಮನಸ್ಸು ಯಾವಾಗ ಬರುತ್ತದೆ ಎಂಬುದನ್ನು ದಂಡೆಯ ವೇಳಾಪಟ್ಟಿಯಲ್ಲಿ ನೋಡಿಕೊಳ್ಳಬೇಕು.

ಮುರಾನೊದಲ್ಲಿ ಇಳಿದವರನ್ನು ಕುಲುಮೆಯೊಂದರ ಮುಂದಿನ ಮರದ ಮೆಟ್ಟಿಲುಗಳ ಮೇಲೆ ಸಾಲಾಗಿ ಕೂರಿಸುತ್ತಾರೆ. ಮುಖದಲ್ಲಿ ಯಾವ ಭಾವವೂ ಇಲ್ಲದ ಕುಶಲಕರ್ಮಿಯೊಬ್ಬ ಕೆಂಡದಂತಹ ಗಾಜಿನ ಮುದ್ದೆಯನ್ನು ಸರಳಿನ ತುದಿಯಲ್ಲಿ ಹೊರತೆಗೆದು, ಇಕ್ಕಳದಿಂದ ಇಲ್ಲಿ ಎಳೆದು ಅಲ್ಲಿ ಚಿವುಟಿ, ಕಣ್ಣೆವೆ ಮುಚ್ಚಿ ತೆರೆಯುವಷ್ಟರಲ್ಲಿ ಮುಂಗಾಲೆತ್ತಿದ ಕುದುರೆಯೊಂದನ್ನು ನಿಲ್ಲಿಸುತ್ತಾನೆ. ಅದು ನಿಜವಾದ ವಿದ್ಯೆ, ಅದರಲ್ಲಿ ಎರಡು ಮಾತಿಲ್ಲ. ಆದರೆ ಮುಂದಿನ ದೋಣಿಯವರಿಗೂ ಕುದುರೆಯೇ, ಅದರ ಮುಂದಿನವರಿಗೂ ಕುದುರೆಯೇ, ಸಂಜೆಯವರೆಗೆ ಒಂದು ಅಶ್ವದಳವೇ ಸಿದ್ಧವಾಗುತ್ತದೆ. ಚಪ್ಪಾಳೆ ತಟ್ಟಿ ಎದ್ದವರಿಗೆ ಹೊರಗೆ ಹೋಗಲು ಇರುವ ದಾರಿ ಅಂಗಡಿಯ ಮೂಲಕ. ಸ್ವತಂತ್ರ ಸಂಚಾರದ ನಿಯಮಕ್ಕೆ ಇದರಿಂದ ಯಾವ ಭಂಗವೂ ಬರುವುದಿಲ್ಲ. ಅಂಗಡಿಯೊಳಗೆ ಎಡಬದಿಯಿಂದಲೂ ನಡೆಯಬಹುದು, ಬಲಬದಿಯಿಂದಲೂ ನಡೆಯಬಹುದು.

ಬುರಾನೊದ ಮನೆಗಳಿಗೆ ಒಂದಕ್ಕೊಂದು ಹೊಂದದ ಗಾಢ ಬಣ್ಣಗಳು, ಬಾಗಿಲಿನ ಮುಂದೆ ಬಿಸಿಲಿಗೆ ಅಡ್ಡವಾಗಿ ಇಳಿಬಿಟ್ಟ ಬಟ್ಟೆಯ ಪರದೆಗಳು. ಆ ಪರದೆಯ ಮುಂದೆ ಒಂದು ಕಾಲು ಹಿಂದಕ್ಕೆ ಮಡಚಿ ನಿಂತವಳ ಚಿತ್ರ ಸರಿಯಾಗಿ ಬರುವವರೆಗೆ, ಎರಡೂ ಕೈಯಲ್ಲಿ ತರಕಾರಿಯ ಚೀಲ ಹಿಡಿದ ಮನೆಯ ಯಜಮಾನಿ ತನ್ನ ಬಾಗಿಲಿನಿಂದ ಎರಡು ಮಾರು ದೂರದಲ್ಲಿ ಕಾಯುತ್ತಾಳೆ. ಚಿತ್ರ ಕೆಡಿಸಿದರೆ ಅತಿಥಿಗೆ ಬೇಸರವಾದೀತು. ಕೈಕಸೂತಿಯ ಲೇಸಿಗೆ ಹೆಸರಾದ ಈ ದ್ವೀಪದ ಅಂಗಡಿಗಳಲ್ಲಿ ಯಂತ್ರದ ಲೇಸು ಧಾರಾಳವಾಗಿ ಸಿಗುತ್ತದೆ. ನಲವತ್ತು ನಿಮಿಷ ಇರುವ ಗಿರಾಕಿಗೆ ತಿಂಗಳುಗಟ್ಟಲೆ ಹೆಣೆದ ಲೇಸನ್ನು ಮಾರುವುದು ಅವನ ಸಮಯಕ್ಕೇ ಅಗೌರವ ಎಂದು ವ್ಯಾಪಾರಿಗಳು ಭಾವಿಸಿರಬಹುದು.

ಟೊರ್ಚೆಲ್ಲೊದಲ್ಲಿ 639ರಲ್ಲಿ ಸ್ಥಾಪನೆಯಾದ ಕೆಥೆಡ್ರಲ್ ಇದೆ, ಅದರ ಗೋಡೆಯ ತುಂಬ ಅಂತಿಮ ನ್ಯಾಯತೀರ್ಪಿನ ಮೊಸಾಯಿಕ್ ಚಿತ್ರ ಇದೆ. ಹೊರಗೆ ಹುಲ್ಲಿನ ಮೇಲೆ ಅಟ್ಟಿಲನ ಸಿಂಹಾಸನ ಎಂದು ಕರೆಯುವ ಒಂದು ಕಲ್ಲಿನ ಪೀಠವೂ ಇದೆ. ಹೂಣರ ದೊರೆ ಅಟ್ಟಿಲನಿಗೂ ಅದಕ್ಕೂ ಯಾವ ಸಂಬಂಧವೂ ಇಲ್ಲ. ಅವನ ಸೈನ್ಯಕ್ಕೆ ಹೆದರಿ ಒಳನಾಡಿನಿಂದ ಓಡಿಬಂದವರು ಈ ಲಗೂನಿನಲ್ಲಿ ಆಸರೆ ಪಡೆದರು ಎಂಬುದು ಇಲ್ಲಿನ ಪರಂಪರೆಯ ಕಥೆ. ಆ ಕಥೆಯನ್ನು ಅರ್ಧ ಕೇಳಿ ಈಗ ಜನರು ಅಟ್ಟಿಲನ ಹೆಸರಿನ ಪೀಠದಲ್ಲಿ ಕೂರಲು ಸರದಿ ನಿಲ್ಲುತ್ತಾರೆ. ಮೊಸಾಯಿಕ್ಕಿಗೆ ಅಂತಹ ಸರದಿ ಇಲ್ಲ. ಅಲ್ಲಿ ಕೂರಲು ಬರುವುದಿಲ್ಲವಲ್ಲ. ಇನ್ನು ಸಾಂತ್ ಎರಾಸ್ಮೊದಲ್ಲಿ ನೇರಳೆ ಬಣ್ಣದ ಆರ್ಟಿಚೋಕ್ ತರಕಾರಿ ಬೆಳೆಯುವ ಹೊಲಗಳಿವೆ, ನಿಜವಾಗಿಯೂ ಮನಸ್ಸಿಗೆ ಬಂದತ್ತ ನಡೆಯಲು ಅಲ್ಲಿ ದಾರಿಗಳಿವೆ. ಹಾಗಾಗಿ ಅದು ಯಾರ ಇಚ್ಛೆಯ ಪಟ್ಟಿಯಲ್ಲಿಯೂ ಇಲ್ಲ.

ಈ ಇಚ್ಛೆಯ ಸಂಚಾರಕ್ಕೆ ಹಣ ಸಾಲದವರು ನಗರದ ಉತ್ತರ ದಂಡೆಯಾದ ಫೊಂದಮೆಂತೆ ನೋವೆಯಿಂದ ಹೊರಡುವ 12ನೆಯ ಮಾರ್ಗದ ವ್ಯಾಪೊರೆಟ್ಟೊ ಎಂಬ ಸಾರ್ವಜನಿಕ ದೋಣಿ ಹಿಡಿಯುತ್ತಾರೆ. ನಗರದ ಆಸ್ಪತ್ರೆ ಇರುವುದು ಅದೇ ದಂಡೆಯಲ್ಲಿ. ಹಾಗಾಗಿ ಮೊಣಕಾಲು ತೋರಿಸಿಕೊಂಡು ಬುರಾನೊಗೆ ಮರಳುವ ಮುದುಕನೂ, ಬುರಾನೊದ ಬಣ್ಣ ನೋಡಲು ಹೊರಟ ತಂಡವೂ ಒಂದೇ ಬಾಗಿಲಿಗೆ ನುಗ್ಗುತ್ತಾರೆ. ಹಿಂದಿನಿಂದ ಬಂದ ಬೆನ್ನುಚೀಲವೊಂದು ಮುದುಕನ ಮೂಗಿನ ಮಟ್ಟದಲ್ಲಿ ನಿಲ್ಲುತ್ತದೆ. ಈ ದೃಶ್ಯ ಪ್ರವೇಶ ಶುಲ್ಕದ ವ್ಯಾಪ್ತಿಗೆ ಬರುವುದಿಲ್ಲ. ಇವರೆಲ್ಲರೂ ಶುಲ್ಕವಿಲ್ಲದ ದ್ವೀಪಕ್ಕೆ ಹೊರಟವರು, ಆದ್ದರಿಂದ ಕಾನೂನಿನ ಕಣ್ಣಿಗೆ ಇಲ್ಲಿ ನೂಕುನುಗ್ಗಲೂ ಇಲ್ಲ.

ದೋಣಿಗಳ ಎಂಜಿನ್ ಎಬ್ಬಿಸುವ ಅಲೆಗಳು ಲಗೂನಿನ ಕೆಸರುದಿಬ್ಬಗಳನ್ನೂ ದಂಡೆಯ ಇಟ್ಟಿಗೆಗಳನ್ನೂ ಕೊರೆಯುತ್ತಿವೆ ಎಂಬುದು ವೆನಿಸ್ಸಿನವರ ಹಳೆಯ ದೂರು. ಅದಕ್ಕಾಗಿ ಕಾಲುವೆಗಳಲ್ಲಿ ವೇಗದ ಮಿತಿಯ ಫಲಕಗಳಿವೆ, ದೋಣಿಗಳು ಅವುಗಳ ಪಕ್ಕದಲ್ಲಿಯೇ ವೇಗವಾಗಿ ಹಾದುಹೋಗುತ್ತವೆ. ದೊಡ್ಡ ಕ್ರೂಸ್ ಹಡಗುಗಳ ವಿಷಯದಲ್ಲಿಯೂ ಇದೇ ಜಾಣತನ: 2021ರ ಆಗಸ್ಟ್‌ನಿಂದ 25,000 ಟನ್‌ಗಿಂತ ದೊಡ್ಡ ಹಡಗುಗಳು ಸಂತ ಮಾರ್ಕನ ಚೌಕದ ಮುಂದೆ ಹಾಯುವಂತಿಲ್ಲ, ಅವು ಮಾರ್ಗೇರಾದ ಕೈಗಾರಿಕಾ ಬಂದರಿಗೆ ಹೋಗಬೇಕು. ಮಾರ್ಗೇರಾ ಇರುವುದೂ ಲಗೂನಿನ ಒಳಗೇ. ಕಣ್ಣಿಗೆ ಕಾಣದ ಹಡಗು ನೀರನ್ನು ಕಲಕುವುದಿಲ್ಲವೆಂದು ಕಾಣುತ್ತದೆ.

ಉಳಿದವರು ನಿವಾಸಿಗಳು. 1951ರಲ್ಲಿ ಹಳೆಯ ನಗರದಲ್ಲಿ ಸುಮಾರು 1,75,000 ಜನರಿದ್ದರು, 2022ರಲ್ಲಿ ಆ ಸಂಖ್ಯೆ 50,000ಕ್ಕಿಂತ ಕೆಳಗಿಳಿಯಿತು. ರಿಯಾಲ್ಟೊ ಸಮೀಪದ ಔಷಧದ ಅಂಗಡಿಯೊಂದರ ಕಿಟಕಿಯಲ್ಲಿ 2008ರಿಂದ ಈ ಸಂಖ್ಯೆಯನ್ನು ವಿದ್ಯುತ್ ಅಂಕಿಗಳಲ್ಲಿ ತೋರಿಸುತ್ತಿದ್ದಾರೆ, ಮತ್ತು ಅದರ ಫೋಟೊ ತೆಗೆದುಕೊಳ್ಳಲು ಪ್ರವಾಸಿಗರು ನಿಲ್ಲುತ್ತಾರೆ. ನಗರದ ಅಂಚಿನ ಟ್ರೊಂಕೆತ್ತೊ ದ್ವೀಪದಲ್ಲಿ ನಗರಾಡಳಿತದ ನಿಯಂತ್ರಣ ಕೊಠಡಿಯೊಂದು ಕ್ಯಾಮೆರಾ ಮತ್ತು ಮೊಬೈಲ್ ದತ್ತಾಂಶ ಬಳಸಿ ಬಂದವರನ್ನು ಎಣಿಸುತ್ತದೆ. ಒಬ್ಬರು ಹೋಗುವವರನ್ನು ಎಣಿಸುತ್ತಾರೆ, ಇನ್ನೊಬ್ಬರು ಬರುವವರನ್ನು ಎಣಿಸುತ್ತಾರೆ. ಎಣಿಕೆಯ ಮಟ್ಟಿಗೆ ವೆನಿಸ್ಸಿನಲ್ಲಿ ಯಾವ ಕೊರತೆಯೂ ಇಲ್ಲ.

ಆದರೆ ಈ ನಿಯಮದ ನಿಜವಾದ ಪ್ರತಿಭೆ ಅದರ ಗಡಿಯಾರದಲ್ಲಿದೆ. ಶುಲ್ಕ ಬೆಳಿಗ್ಗೆ ಎಂಟೂವರೆಯಿಂದ ಸಂಜೆ ನಾಲ್ಕರವರೆಗೆ ಮಾತ್ರ, ಅದರಾಚೆಗೆ ಪ್ರವೇಶ ಉಚಿತ. ಬಸ್ಸುಗಳು ಬಂದು ನಿಲ್ಲುವ ಟ್ರೊಂಕೆತ್ತೊ, ಹಳೆಯ ನಗರದೊಳಗೆ ಕಾಲಿಡದೆ ಹಾದುಹೋಗುವವರಿಗೆ ಶುಲ್ಕದ ಹೊರಗೆ. ಇವೆರಡನ್ನೂ ಓದಿಕೊಂಡವನಿಗೆ ದಿನದ ಕಾರ್ಯಕ್ರಮವನ್ನು ಕಾನೂನೇ ಬರೆದುಕೊಟ್ಟಿದೆ: ಬೆಳಿಗ್ಗೆ ಟ್ರೊಂಕೆತ್ತೊದಲ್ಲಿ ಬಸ್ಸಿನಿಂದ ನೇರ ದೋಣಿಗೆ ಹತ್ತಬೇಕು, ಹಗಲಿಡೀ ಬಡ ದ್ವೀಪಗಳ ಮೇಲೆ ಉಚಿತವಾಗಿ ಭಾರ ಹಾಕಬೇಕು, ಕುದುರೆ ನೋಡಿ, ಪರದೆಯ ಮುಂದೆ ನಿಂತು, ಅಟ್ಟಿಲನ ಪೀಠದಲ್ಲಿ ಕುಳಿತು, ನಾಲ್ಕು ಗಂಟೆಗೆ ಒಂದು ನಿಮಿಷ ಮೊದಲು ಸಂತ ಮಾರ್ಕನ ಚೌಕದ ದಂಡೆಗೆ ಬಂದು ದೋಣಿಯನ್ನು ಕಟ್ಟದೆ ನೀರಿನಲ್ಲಿಯೇ ನಿಲ್ಲಿಸಿಕೊಳ್ಳಬೇಕು. ಆ ಒಂದು ನಿಮಿಷದೊಳಗೆ ಇಳಿದವನು ನಗರವನ್ನು ನಾಶಮಾಡುವ ಪ್ರವಾಸಿಗ. ಗಂಟೆ ಬಾರಿಸಿದ ಮೇಲೆ ಅವನೇ, ಅದೇ ಚೀಲ ಹೊತ್ತು, ಅದೇ ಮೆಟ್ಟಿಲ ಮೇಲೆ ಕಾಲಿಟ್ಟರೆ ಯಾರೂ ಅವನನ್ನು ಏನೂ ಕೇಳುವಂತಿಲ್ಲ, ಅವನ ಹಿಂದೆ ಇಳಿಯಲಿರುವ ಇಡೀ ದೋಣಿಯನ್ನೂ ಕೇಳುವಂತಿಲ್ಲ.