ನೋಟಿಸು ಮುಟ್ಟಿದ ಮೇಲೆ ಬಿದ್ದ ತೂತು

ದಾವಣಗೆರೆಯಲ್ಲಿ ಕಂಪನಿಗಳ ಬಾಕಿ ಕಾಗದ ನೋಡುವವರಿಗೆ ಈ ಪವಾಡ ಹೊಸದಲ್ಲ. ರೈಸ್ ಮಿಲ್ಲಿಗೆ ಅಕ್ಕಿ ತುಂಬುವ ಖಾಲಿ ಚೀಲ ಇಳಿದ ದಿನ ಎಲ್ಲ ಸರಿ. ಬಿಲ್ಲಿಗೆ ಸೀಲು, ಸಹಿ. ಆಮೇಲೆ ಚೀಲ ಕೊಟ್ಟವರು ದುಡ್ಡಿಗೆ ಎಷ್ಟು ಸಲ ಫೋನ್ ಮಾಡಿದರೂ ‘ಸೋಮವಾರ ಹಾಕ್ತೀವ್ರಿ ಅಣ್ಣ, ನಿಮ್ದೆಲ್ಲಿ ಹೋಗುತ್ತೆ.’ ವಕೀಲರ ನೋಟಿಸು ಮುಟ್ಟಿತೋ, ಚೀಲದಲ್ಲಿ ತೂತು!

ಇವತ್ತಿನ ಟಪಾಲಿನಲ್ಲೂ ಅದೇ. ಬಾಕಿ 18 ಲಕ್ಷ, ಮಾಲು ಇಳಿದು 14 ತಿಂಗಳು. ಉತ್ತರ: ‘ಹೊಲಿಗೆ ಕಳಪೆ, ಅಕ್ಕಿ ಸೋರಿ ನಮಗೇ 21 ಲಕ್ಷ ನಷ್ಟ.’ ಅಂದರೆ ಚೀಲ ಕೊಟ್ಟವರೇ ಇನ್ನು 3 ಲಕ್ಷ ತೆರಬೇಕು. ಆ ಅಕ್ಕಿಯನ್ನು ಜನ ಅನ್ನ ಮಾಡಿ ಉಂಡು, ಚೀಲ ಬಿಚ್ಚಿ ಹಿತ್ತಲ ಸೌದೆಗೆ ಹೊದಿಸಿ, ಒಂದು ಮಳೆಗಾಲವೂ ಕಳೆಯಿತು. ಅಷ್ಟು ದಿನ ತೆಪ್ಪಗಿದ್ದ ತೂತು ನೋಟಿಸು ಓದಿ ಬಾಯಿ ತೆರೆಯಿತು. ಅಕ್ಷರಸ್ಥ ತೂತು! ಆ ಬಿಲ್ಲಿನ ಜಿಎಸ್‌ಟಿ ಕ್ರೆಡಿಟ್ಟು (ಖರೀದಿಯ ಮೇಲಿನ ತೆರಿಗೆಯನ್ನು ತಾವು ಕಟ್ಟುವ ತೆರಿಗೆಯಲ್ಲಿ ಕಳೆದುಕೊಳ್ಳುವುದು) ಮಾತ್ರ ಸೋರಿಲ್ಲ, ಪೂರ್ತಿ ತೆಗೆದುಕೊಂಡಿದ್ದಾರೆ. 180 ದಿನದೊಳಗೆ ದುಡ್ಡು ಕೊಡದಿದ್ದರೆ ಅದನ್ನು ವಾಪಸ್ ಕಟ್ಟಬೇಕೆಂಬುದು ಯಾರಿಗೂ ನೆನಪಿಲ್ಲ.

ತೂತಿನ ವಯಸ್ಸೇ ಇಲ್ಲಿ ಮುಖ್ಯ. ದಿವಾಳಿ ಸಂಹಿತೆಯಡಿ ಬೇಡಿಕೆ ನೋಟಿಸು ಕೊಟ್ಟು 10 ದಿನ ಕಾದು ಕಂಪನಿ ಕಾನೂನು ನ್ಯಾಯಮಂಡಳಿಯಾದ ಎನ್‌ಸಿಎಲ್‌ಟಿಗೆ ಹೋಗಬಹುದು. ಆದರೆ ತಕರಾರು ನೋಟಿಸಿಗಿಂತ ಮೊದಲೇ ಇದ್ದರೆ ಅರ್ಜಿ ಬಿತ್ತು ಎಂದು ಸುಪ್ರೀಂ ಕೋರ್ಟ್ 2017ರಲ್ಲೇ ಹೇಳಿದೆ. ತಕರಾರು ಬರೀ ಬುರುಡೆಯಾಗಿರಬಾರದು, ಅಷ್ಟೆ. ಹೇಗೂ 18 ಲಕ್ಷಕ್ಕೆ ಆ ಬಾಗಿಲು ತೆರೆಯುವುದಿಲ್ಲ. 2020ರ ಮಾರ್ಚಿನಿಂದ ಅಲ್ಲಿ ಕನಿಷ್ಠ ಬಾಕಿ 1 ಕೋಟಿ.

ಉಳಿದದ್ದು ವಾಣಿಜ್ಯ ನ್ಯಾಯಾಲಯ. ಅಲ್ಲಿ ಬಾಕಿ 3 ಲಕ್ಷ ಇದ್ದರೆ ಸಾಕು. ನೇರ ದಾವೆ ಹಾಕಿದರೆ ಮಾತ್ರ ವಜಾ. ತುರ್ತು ತಡೆಯಾಜ್ಞೆ ಬೇಕಿಲ್ಲದಿದ್ದರೆ ಮೊದಲು ಕಾನೂನು ಸೇವಾ ಪ್ರಾಧಿಕಾರದಲ್ಲಿ ಮಧ್ಯಸ್ಥಿಕೆ ಆಗಲೇಬೇಕು. ಅದಕ್ಕೆ 3 ತಿಂಗಳು, ಇಬ್ಬರೂ ಒಪ್ಪಿದರೆ ಇನ್ನೆರಡು. ಎದುರಿನವರು ಬರದೇ ಹೋದರೆ ಬರಲಿಲ್ಲವೆಂಬ ವರದಿ ಕೈಗೆ ಬರುತ್ತದೆ, ಅದನ್ನು ಜೋಡಿಸಿ ದಾವೆ. ಈ ಓಡಾಟದ ದಿನಗಳನ್ನು ಮೂರು ವರ್ಷದ ಕಾಲಮಿತಿಯಲ್ಲಿ ಲೆಕ್ಕ ಹಿಡಿಯುವುದಿಲ್ಲ, ಪುಣ್ಯ.

ಚೀಲ ತಯಾರಿಸಿದವರು ಮಾಲು ಕಳಿಸುವ ಮೊದಲೇ ಸಣ್ಣ ಉದ್ದಿಮೆಯಾಗಿ ನೋಂದಾಯಿಸಿದ್ದರೆ 2006ರ ಎಂಎಸ್‌ಎಂಇ ಕಾಯ್ದೆ ಇನ್ನೂ ಖಾರ. ಮಾಲು ಇಳಿದ 15 ದಿನದೊಳಗೆ ಬರಹದಲ್ಲಿ ಆಕ್ಷೇಪ ಹೇಳದಿದ್ದರೆ ಮಾಲು ಒಪ್ಪಿದಂತೆಯೇ. ಕರಾರಿನಲ್ಲಿ ಏನೇ ಬರೆದರೂ ದುಡ್ಡು ಕೊಡಲು 45 ದಿನ ದಾಟುವಂತಿಲ್ಲ. ದಾಟಿದರೆ ರಿಸರ್ವ್ ಬ್ಯಾಂಕ್ ಸಾರುವ ಬ್ಯಾಂಕ್ ದರದ ಮೂರು ಪಟ್ಟು ಬಡ್ಡಿ, ತಿಂಗಳು ತಿಂಗಳು ಚಕ್ರಬಡ್ಡಿ.

ದೀಪಾವಳಿ ಅಮಾವಾಸ್ಯೆಗೆ ಹೊಸ ಖಾತೆ ಪುಸ್ತಕ ಪೂಜೆಗಿಡುವ ಮುಂಚೆ ಹಳೇ ಬಾಕಿ ತೀರಿಸುವ ಮರ್ಯಾದೆ ಪೇಟೆಯಲ್ಲಿತ್ತು. ಈಗ ಖಾತೆ ಕಂಪ್ಯೂಟರಿನಲ್ಲಿದೆ. ಕುಂಕುಮ ಮಾನಿಟರಿಗೆ ಬೀಳುತ್ತದೆ.

ಅಂದಹಾಗೆ, ಚೀಲ ಇಳಿದ ಎರಡನೇ ತಿಂಗಳಲ್ಲಿ ಅದೇ ಮಿಲ್ಲಿನಿಂದ ಬಂದ ವಾಟ್ಸಾಪ್ ಸಿಕ್ಕಿದೆ: ‘ಮೊದ್ಲಿನ್ ತರದ್ದೇ ಇನ್ನೈದು ಸಾವ್ರ ಚೀಲ ಕಳಿಸ್ರಿ ಅಣ್ಣ, ಮಾಲು ಚಲೋ ಐತಿ.’ ಕೆಳಗೆ ಮುಗಿದ ಕೈ. ಪ್ರಿಂಟು ತೆಗೆದರೆ ಸಾಲದು, 2023ರ ಸಾಕ್ಷ್ಯ ಅಧಿನಿಯಮದ 63ನೇ ಕಲಮಿನಂತೆ ಎಲೆಕ್ಟ್ರಾನಿಕ್ ದಾಖಲೆಗೆ ಬೇಕಾದ ಪ್ರಮಾಣಪತ್ರ ಜೊತೆಗಿರಬೇಕು. ಮತ್ತೆ, ಆ ಫೋನನ್ನು ದಸರಾ ಎಕ್ಸ್‌ಚೇಂಜ್ ಆಫರಿಗೆ ಕೊಟ್ಟುಬಿಟ್ಟೀರಿ!